ನಿಂಬೆಹಣ್ಣಿನ ಕಲೆಯೂ ಬೆಲುಂ ಗುಹೆಯೂ

ಅಡುಗೆಮನೆಯ ಕಡಪ ಕಲ್ಲಿನ ಕಟ್ಟೆಯ ಮೇಲೆ ನಿಂಬೆಹಣ್ಣಿನ ಹೋಳೊಂದನ್ನು ಬೋರಲು ಹಾಕಿ ರಾತ್ರಿಯಿಡೀ ಬಿಟ್ಟುಬಿಡಿ. ಬೆಳಿಗ್ಗೆ ಅಲ್ಲೊಂದು ಮಾಸಲು ಬಳೆ ಮೂಡಿರುತ್ತದೆ. ಎಷ್ಟು ಉಜ್ಜಿದರೂ ಹೋಗದು. ಯಾಕೆಂದರೆ ಅದು ಕಲೆಯೇ ಅಲ್ಲ, ಅಷ್ಟು ಜಾಗದಲ್ಲಿ ಕಲ್ಲೇ ಕರಗಿದೆ. ನಮ್ಮ ಮನೆಯಲ್ಲಿ ಇಂಥವು ಮೂರಿವೆ. ಮೂರೂ ನನ್ನದೇ ಕೈಚಳಕ.

ಕಡಪ ಕಲ್ಲು ಸುಣ್ಣದ ಕಲ್ಲು. ಹುಳಿ ಕಂಡರೆ ಅದಕ್ಕಾಗದು. ಅದೇ ಸೀಮೆಯಲ್ಲಿ, ಆಂಧ್ರದ ಕೊಲಿಮಿಗುಂಡ್ಲದ ಹತ್ತಿರ, ನೀರು ಇದೇ ಕೆಲಸವನ್ನು ಸಾವಕಾಶವಾಗಿ ಮಾಡುತ್ತ ಹೋಗಿ 3,229 ಮೀಟರ್ ಉದ್ದದ ಗುಹೆ ಕೊರೆದಿದೆ. ಅದೇ ಬೆಲುಂ. ಹೆಸರೂ ನಮ್ಮ ‘ಬಿಲ’ವೇ.

ಮಳೆನೀರಿಗೆ ಹುಳಿ ಎಲ್ಲಿಂದ ಬಂತು? ಸೋಡಾ ಬಾಟಲಿಯಲ್ಲಿ ಗುಳ್ಳೆಯೇಳಿಸುವ ಕಾರ್ಬನ್ ಡೈಆಕ್ಸೈಡ್‌ನಿಂದ. ಗಾಳಿಯಿಂದ ಸಿಗುವುದು ಸ್ವಲ್ಪ. ಮಣ್ಣಿನೊಳಗೆ ಬೇರುಗಳು, ಸೂಕ್ಷ್ಮಜೀವಿಗಳು ಉಸಿರಾಡಿ ಬಿಟ್ಟದ್ದೇ ಜಾಸ್ತಿ. ಆ ನೀರು ಕಲ್ಲಿನ ಬಿರುಕಿಗೆ ಇಳಿದು ಸುಣ್ಣವನ್ನು ಕರಗಿಸುತ್ತದೆ. ಮುಂದೆ ಖಾಲಿ ಜಾಗದ ಮಾಳಿಗೆಯಿಂದ ತೊಟ್ಟಿಕ್ಕುವಾಗ ಗ್ಯಾಸ್ ಹಾರಿಹೋಗಿ, ಹೊತ್ತು ತಂದ ಸುಣ್ಣ ಅಲ್ಲೇ ಉಳಿಯುತ್ತದೆ. ಬೋರ್‌ವೆಲ್ ನೀರು ಕಾಯಿಸುವ ಪಾತ್ರೆಯ ತಳದಲ್ಲಿ ಬಿಳಿ ಪದರ ಕಟ್ಟುತ್ತದಲ್ಲ, ಹೆಚ್ಚುಕಡಿಮೆ ಹಾಗೇ. ಬೆಲುಂನ ಕೋಟಿಲಿಂಗಗಳು, ಹಾವಿನ ಹೆಡೆಗಳಂತೆ ಹರಡಿದ ಮಾಳಿಗೆ, ತಟ್ಟಿದರೆ ನಾದ ಬರುವ ‘ಸಪ್ತಸ್ವರ’ದ ಕಂಬಗಳು ಎಲ್ಲವೂ ಹೀಗೆ ಬೆಳೆದವು. ತಟ್ಟಬೇಡಿ, ಮುಟ್ಟಲೂಬೇಡಿ. ಕೈಯ ಜಿಡ್ಡು ಹತ್ತಿದ ಕಡೆ ಸುಣ್ಣ ಸರಿಯಾಗಿ ಕೂರುವುದಿಲ್ಲ. ಮುರಿದರಂತೂ ಮುಗಿಯಿತು, ವರ್ಷಕ್ಕೆ ಒಂದು ಮಿಲಿಮೀಟರೂ ಬೆಳೆಯದ ವಸ್ತು ಅದು.

ಗುಹೆಯಲ್ಲಿ ಪ್ರವಾಸಿಗರ ಕಣ್ಣು ಮಾಳಿಗೆಯ ಮೇಲೆ, ಪುರಾತತ್ವದವರ ಕಣ್ಣು ನೆಲದ ಮೇಲೆ. ಕಾಲಡಿಯ ಕೆಸರು ಪದರ ಪದರವಾಗಿ ಕೂತಿರುತ್ತದೆ. ಯಾರು ಬಂದರು, ಏನು ತಿಂದರು, ಯಾವ ಮಡಕೆ ಒಡೆದರು, ಎಲ್ಲ ಅದರಲ್ಲೇ. ಬೆಲುಂನಲ್ಲಿ ಕ್ರಿ.ಪೂ. 4500ರ ಕಾಲದ್ದೆನ್ನುವ ಪಾತ್ರೆಯ ಚೂರುಗಳು ಸಿಕ್ಕಿವೆ. ಜೈನ, ಬೌದ್ಧ ಭಿಕ್ಷುಗಳೂ ಇಲ್ಲಿದ್ದರು. ಕಲ್ಲೇ ಹಾಸಿಗೆ, ದಿಂಬಿನಂತಿರುವ ‘ಧ್ಯಾನಮಂದಿರ’ವನ್ನು ಗೈಡುಗಳು ತಪ್ಪದೆ ತೋರಿಸುತ್ತಾರೆ. ಆಮೇಲೆ ಸುತ್ತಲಿನವರು ಇದನ್ನು ಕಸ ಸುರಿಯುವ ಹೊಂಡ ಮಾಡಿಕೊಂಡರು. 2002ರಲ್ಲಿ ಜನರಿಗೆ ತೆರೆಯುವ ಮುನ್ನ ಕಸ, ಕೆಸರು ಎರಡನ್ನೂ ತೆಗೆದು ದಾರಿ ಮಾಡಲಾಯಿತು. ಈಗ ನೆಟ್ಟಗೆ ನಿಂತು ನಡೆಯಬಹುದು, ಅದು ಅನುಕೂಲವೇ. ಆದರೆ ಆ ಕೆಸರಿನ ಜೊತೆ ಎಷ್ಟು ಪುಟಗಳು ಹೋದವೋ ಅನ್ನಿಸದೆ ಇರದು.

1884ರಲ್ಲಿ ಬೆಲುಂ ಬಗ್ಗೆ ಬರೆದ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್, ಅದೇ ಹೊತ್ತಿಗೆ ಬೇತಂಚೆರ್ಲದ ಬಳಿಯ ಬಿಲ್ಲಸರ್ಗಂ ಗುಹೆಗಳಲ್ಲಿ ಮಗ ಹೆನ್ರಿಯ ಜೊತೆ ನೆಲ ಅಗೆಸಿದರು. ಅಲ್ಲಿ ಸಿಕ್ಕ ಮೂಳೆಗಳಲ್ಲಿ ಖಡ್ಗಮೃಗದ್ದೂ ಇತ್ತು. ಈಗ ಕುರಿ ಮೇಯುವ ಆ ಬಿರುಬಿಸಿಲಿನ ನಾಡಲ್ಲಿ! ಆ ಖಡ್ಗಮೃಗದ ಜಾತಿಗೆ ಅದೇ ಸೀಮೆಯ ಕರ್ನೂಲಿನ ಹೆಸರನ್ನೇ ಇಟ್ಟರು.

ಬೆಲುಂನಿಂದ ಉತ್ತರಕ್ಕೆ ಜ್ವಾಲಾಪುರಂ ಇದೆ. ಧಾರವಾಡದ ಪುರಾತತ್ವಜ್ಞ ರವಿ ಕೋರಿಶೆಟ್ಟರ್ ಮತ್ತು ಸಂಗಡಿಗರು ಅಲ್ಲಿ ಅಗೆದಾಗ ದಪ್ಪನೆಯ ಬೂದಿಯ ಪದರ, ಅದರ ಕೆಳಗೂ ಮೇಲೂ ಮನುಷ್ಯರ ಕಲ್ಲಿನ ಉಪಕರಣಗಳು ಸಿಕ್ಕವು. ಬೂದಿ ಸುಮಾರು 74,000 ವರ್ಷಗಳ ಹಿಂದೆ ಸುಮಾತ್ರಾದ ತೋಬಾ ಜ್ವಾಲಾಮುಖಿಯಿಂದ ಹಾರಿಬಂದದ್ದು. ವಿಜ್ಞಾನಿಗಳು ಬರುವ ಮೊದಲೇ ಊರಿನವರು ಅದನ್ನು ಅಗೆದು ಮಾರುತ್ತಿದ್ದರು, ಪಾತ್ರೆ ಉಜ್ಜುವ ಪುಡಿಗೆ.