ಙ ಅಂದರೆ ನಾನು

ಕನ್ನಡ ಶಾಲೆಯಲ್ಲಿ ಓದಿದವರೆಲ್ಲ ಕ ಖ ಗ ಘ ಙ ಅಂತ ರಾಗವಾಗಿ ಹೇಳಿದವರೇ. ಆ ಸಾಲಿನ ಕೊನೆಯ ಅಕ್ಷರವನ್ನು ಶಾಲೆ ಬಿಟ್ಟ ಮೇಲೆ ಒಂದು ಸಲವಾದರೂ ಬರೆದಿದ್ದೀರಾ? ನಾನಂತೂ ಬರೆದಿರಲಿಲ್ಲ. ಟಿಬೆಟನ್ ಕಲಿಯೋಕೆ ಕೂತ ಮೊದಲ ದಿನ ಗೆನ್‌ಲಾ, ಅಂದರೆ ನಮ್ಮ ಮೇಷ್ಟ್ರು, ಹಲಗೆ ಮೇಲೆ ಒಂದೇ ಒಂದು ಅಕ್ಷರ ಬರೆದು ಮೂಗಿನಲ್ಲಿ 'ಙ' ಅಂದರು. ಆಮೇಲೆ ತಮ್ಮ ಎದೆ ಮುಟ್ಟಿಕೊಂಡು ತೋರಿಸಿದರು. ಙ ಅಂದರೆ ನಾನು. ನಮ್ಮಲ್ಲಿ ಸುಮ್ನೆ ಮೂಲೆಯಲ್ಲಿ ಕೂತಿರೋ ಅಕ್ಷರ ಅಲ್ಲಿ ದಿನಕ್ಕೆ ನೂರು ಸಲ ಬಾಯಿಗೆ ಬರುತ್ತದೆ.

ನಾನು ದುಭಾಷಿ. ಬೈಲಕುಪ್ಪೆಯ ಟಿಬೆಟನ್ ನಿರಾಶ್ರಿತರ ಕ್ಯಾಂಪಿನ ಹಿರಿಯರ ಜೊತೆ ಆಸ್ಪತ್ರೆಗೆ, ಬ್ಯಾಂಕಿಗೆ, ತಾಲ್ಲೂಕು ಕಚೇರಿಗೆ ಹೋಗುತ್ತೇನೆ. ಅವರು ಟಿಬೆಟನ್‌ನಲ್ಲಿ ಹೇಳಿದ್ದನ್ನು ಕನ್ನಡದಲ್ಲಿ ಹೇಳುತ್ತೇನೆ, ಕನ್ನಡದ್ದನ್ನು ಅವರಿಗೆ ದಾಟಿಸುತ್ತೇನೆ. 1960ರ ದಶಕದ ಶುರುವಿನಿಂದ ಇವರು ನಮ್ಮ ನೆರೆಯವರು. ಕ್ಯಾಂಪಿನಲ್ಲಿ ಚೆನ್ನಾಗಿ ಕನ್ನಡ ಮಾತಾಡುವವರು ಬೇಕಾದಷ್ಟು ಜನ ಇದ್ದಾರೆ. ಆದರೂ ಕೌಂಟರ್ ಮುಂದೆ ನಿಂತಾಗ ಎರಡೂ ಕಡೆಯವರು ಹಿಂದಿಗೋ ಇಂಗ್ಲಿಷಿಗೋ ಹಾರುತ್ತಾರೆ. ಎಡವಟ್ಟು ಆಗುವುದು ಅಲ್ಲೇ. ಕನ್ನಡದಿಂದ ಟಿಬೆಟನ್‌ಗೆ ನೇರ ದಾರಿ ಇದೆ. ನಾವು ಊರು ಸುತ್ತಿಕೊಂಡು ಹೋಗುತ್ತೇವೆ.

ಹೆಸರುಗಳನ್ನೇ ನೋಡಿ. ಒಮ್ಮೆ ಒಂದು ಕಚೇರಿಯಲ್ಲಿ ಹಿರಿಯರೊಬ್ಬರ ಅರ್ಜಿ ಸಿಗಲೇ ಇಲ್ಲ. ಅವರ ಹೆಸರು ಙಾವಾಂಗ್. ಇಂಗ್ಲಿಷಿನಲ್ಲಿ ಅದನ್ನು ಎನ್, ಜಿ ಸೇರಿಸಿ ಶುರು ಮಾಡುತ್ತಾರೆ, ಏಕೆಂದರೆ ಅವರ ಬಳಿ ಙ ಇಲ್ಲ. ಗುಮಾಸ್ತರು ಆ ಎನ್ ಅನ್ನು ಇನಿಶಿಯಲ್ ಅಂದುಕೊಂಡರು. ಹಾಗಾಗಿ ಕನ್ನಡದ ಪಟ್ಟಿಯಲ್ಲಿ ಅವರು 'ಗವಾಂಗ್ ಎನ್' ಆಗಿ ಕೂತಿದ್ದರು! ಮೂರು ವಾರ ಹುಡುಕಾಟ. ಙ ಅಕ್ಷರ ನಮ್ಮ ಹತ್ತಿರವೇ ಇತ್ತು, ಕೀಬೋರ್ಡಿನಲ್ಲೂ ಇತ್ತು. ಅಂದಹಾಗೆ ಙಾವಾಂಗ್ ಅಂದರೆ ಮಾತಿನ ಒಡೆಯ. ನಮ್ಮ ವಾಗೀಶ.

ಇನ್ನೊಂದು ಉದಾಹರಣೆ ಮುಂಡಗೋಡಿನದು. ಅಲ್ಲಿನ ದೊಡ್ಡ ಮಠವನ್ನು ನಾವು ಡ್ರೆಪುಂಗ್ ಅಂತ ಬರೆಯುತ್ತೇವೆ. ಟಿಬೆಟನ್ನರ ಬಾಯಲ್ಲಿ ಅದು ಡೆಪುಂಗ್, ನಮ್ಮ ಡಮರುವಿನ ಡ. ಇಂಗ್ಲಿಷಿನಲ್ಲಿ ಆ ಡ ತೋರಿಸಲು ಬೇರೆ ಉಪಾಯವಿಲ್ಲದೆ ಡಿ ಪಕ್ಕ ಆರ್ ಇಟ್ಟರು. ನಾವು ಆ ಆರ್ ಅನ್ನೂ ಓದಿ ಡ್ರ ಮಾಡಿಕೊಂಡೆವು. ಲಾಸಾ ಹತ್ತಿರದ ಮೂಲ ಮಠ 1416ರದ್ದು. ಹೆಸರಿನ ಅರ್ಥ ಅಕ್ಕಿಯ ರಾಶಿ. ಆಂಧ್ರದ ಅಮರಾವತಿಗಿದ್ದ ಧಾನ್ಯಕಟಕ ಅನ್ನೋ ಹಳೆಯ ಹೆಸರನ್ನೇ ಟಿಬೆಟನ್‌ಗೆ ತಿರುಗಿಸಿಕೊಂಡಿದ್ದು. ಅಕ್ಕಿರಾಶಿಯ ಮಠ ಕೊನೆಗೆ ಬಂದು ನೆಲೆಸಿದ್ದು ಭತ್ತದ ಗದ್ದೆಗಳ ಮುಂಡಗೋಡಿನಲ್ಲಿ!

ಲಿಪಿಯೂ ದೂರದ್ದೇನಲ್ಲ. ಏಳನೇ ಶತಮಾನದಲ್ಲಿ ಸೊಂಗ್ತ್ಸೆನ್ ಗಾಂಪೊ ರಾಜ ತನ್ನ ಮಂತ್ರಿ ತೋನ್ಮಿ ಸಂಭೋಟನನ್ನು ಭಾರತಕ್ಕೆ ಕಳಿಸಿದ, ಅವನು ಇಲ್ಲಿಯ ಲಿಪಿ ನೋಡಿ ಟಿಬೆಟನ್ ಲಿಪಿ ಮಾಡಿದ ಅನ್ನೋದು ಅವರ ಪರಂಪರೆಯ ಮಾತು. ಬ್ರಾಹ್ಮಿಯ ಮಗಳು ಅನ್ನೋದರಲ್ಲಂತೂ ಅನುಮಾನವಿಲ್ಲ. ಒಟ್ಟು 30 ವ್ಯಂಜನ, ನಾಲ್ಕು ಸ್ವರಚಿಹ್ನೆ. ಕ ಖ ಗ ಙ, ಚ ಛ ಜ ಞ, ತ ಥ ದ ನ, ಪ ಫ ಬ ಮ. ಘ, ಝ ಇಲ್ಲ. ಟ ವರ್ಗ ಪೂರ್ತಿ ಇಲ್ಲ. ನಮ್ಮ ಒತ್ತಕ್ಷರದ ಹಾಗೆ ಅಕ್ಷರದ ಕೆಳಗೆ ಅಕ್ಷರ ಜೋಡಿಸುತ್ತಾರೆ.

ಟ ವರ್ಗ ಇಲ್ಲ ಅಂದಮೇಲೆ ಡೆಪುಂಗ್‌ನ ಡ ಎಲ್ಲಿಂದ ಬಂತು? ಅದೇ ಸ್ವಾರಸ್ಯ. ಟಿಬೆಟನ್ ಕಾಗುಣಿತ ಒಂಬತ್ತನೇ ಶತಮಾನದಲ್ಲಿ ಹೆಚ್ಚುಕಡಿಮೆ ಗಟ್ಟಿಯಾಯಿತು. ಸಂಸ್ಕೃತದ ಬೌದ್ಧ ಗ್ರಂಥಗಳನ್ನು ಅನುವಾದ ಮಾಡುವವರಿಗೆ ಒಂದೇ ನಿಯಮ ಇರಲಿ ಅಂತ ಅರಮನೆಯೇ ಆಜ್ಞೆ ಹೊರಡಿಸಿತ್ತು. ಆಮೇಲೆ ಬಾಯಿ ಬದಲಾಯಿತು, ಬರಹ ಬದಲಾಗಲಿಲ್ಲ. ಡೆಪುಂಗ್ ಅನ್ನೋದನ್ನು ಈಗಲೂ 'ಬ್ರಸ್-ಸ್ಪುಂಗ್ಸ್' ಅಂತಲೇ ಬರೆಯುತ್ತಾರೆ. ಬ್ರ ಸವೆದು ಸವೆದು ಡ ಆಯಿತು. ಟಾಶಿ ದೆಲೆ ಅನ್ನೋ ಶುಭಾಶಯ ಎಲ್ಲರಿಗೂ ಗೊತ್ತಿದೆ ಅಲ್ವಾ, ಅದರ ಬರಹ 'ಬ್ಕ್ರ-ಶಿಸ್ ಬ್ದೆ-ಲೆಗ್ಸ್'. ನಾವು ಪದ್ಮಾ ಅನ್ನೋದನ್ನು ಅವರು ಪದ್ಮ ಅಂತಲೇ ಬರೆದು ಪೇಮಾ ಅಂತ ಓದುತ್ತಾರೆ. ಪೇಮಾ ಅನ್ನೋ ಹುಡುಗಿ ಕ್ಲಾಸಿನಲ್ಲಿದ್ದರೆ ಅವಳು ನಿಮ್ಮ ಪದ್ಮಾನೇ. ಡೋಲ್ಮಾ ಅಂದರೆ ತಾರಾ. ಞಿಮಾ ಅಂದರೆ ಸೂರ್ಯ, ಭಾನುವಾರವೂ ಹೌದು. ವಾರದ ದಿನಗಳನ್ನೇ ಹೆಸರಿಡುವ ರೂಢಿ ಅವರಲ್ಲಿ ಜಾಸ್ತಿ: ದಾವಾ ಸೋಮವಾರ, ಮಿಗ್ಮಾರ್ ಮಂಗಳವಾರ, ಪಾಸಾಂಗ್ ಶುಕ್ರವಾರ. ಗ್ರಹಗಳ ಸಾಲು ನಮ್ಮದೇ.

ಓದದೆ ಬಿಟ್ಟ ಅಕ್ಷರಗಳು ಸುಮ್ನೆ ಹೋಗಿಲ್ಲ, ದನಿಯಲ್ಲಿ ಗುರುತು ಬಿಟ್ಟಿವೆ. 'ಙ' ಅಂತ ತಗ್ಗಿನ ದನಿಯಲ್ಲಿ ಹೇಳಿದರೆ ನಾನು. ಅದನ್ನೇ ಎತ್ತರದ ದನಿಯಲ್ಲಿ ಹೇಳಿದರೆ ಐದು, ಏಕೆಂದರೆ ಬರೆಯುವಾಗ ಐದಕ್ಕೆ ಮೇಲೊಂದು ಲ ಕೂತಿದೆ, 'ಲ್ಙ'. ನಾನು ಮೊದಮೊದಲು ಹೋಟೆಲಿನಲ್ಲಿ ನನ್ನ ಪರಿಚಯ ಹೇಳಿಕೊಂಡರೆ ಐದನ್ನು ಪರಿಚಯ ಮಾಡಿಸಿದ ಹಾಗೆ ಕೇಳುತ್ತಿತ್ತು. ಟಿಬೆಟಿನ ಈಶಾನ್ಯದ ಆಮ್ದೊ ಕಡೆಯವರು, ಲಡಾಖಿನವರು ಈ ಹಳೆಯ ಅಕ್ಷರಗಳಲ್ಲಿ ಕೆಲವನ್ನು ಇನ್ನೂ ಬಾಯಲ್ಲಿ ಉಳಿಸಿಕೊಂಡಿದ್ದಾರೆ. ಆಮ್ದೊ ಅಜ್ಜ ಒಬ್ಬರು ಬಂದರೆ ನನಗೇ ಇನ್ನೊಬ್ಬ ದುಭಾಷಿ ಬೇಕು. ಇಲ್ಲಿ ನಾನು ಹೇಳುತ್ತಿರುವುದೆಲ್ಲ ಲಾಸಾ ಮಾತಿನ ಮೇಲೆ ನಿಂತ, ಕ್ಯಾಂಪುಗಳಲ್ಲಿ ನಡೆಯುವ ಭಾಷೆ.

ಆದರೆ ನನ್ನ ಕೆಲಸದಲ್ಲಿ ನಿಜವಾದ ತೊಡಕು ಹೆಸರಿನದಲ್ಲ. ವಾಕ್ಯದ ಬಾಲದ್ದು.

ನನ್ನದೇ ಒಂದು ತಪ್ಪು ಹೇಳುತ್ತೇನೆ. ಚಳಿಗಾಲದಲ್ಲಿ ಊರೂರಿಗೆ ಹೋಗಿ ಸ್ವೆಟರ್ ಮಾರುವ ಟಿಬೆಟನ್ನರನ್ನು ನೀವು ನೋಡಿರುತ್ತೀರಿ. ಅಂಥ ಒಬ್ಬ ಹಿರಿಯರ ಸ್ವೆಟರ್ ಗಂಟು ಕಾಣೆಯಾಗಿತ್ತು. ಠಾಣೆಗೆ ಹೋದೆವು. ಕಳ್ಳ 'ಖ್ಯೇರ್ ಶಾ' ಅಂದರು ಅವರು. ನಾನು 'ಕಳ್ಳ ತಗೊಂಡು ಹೋದ' ಅಂದೆ. ಬರೆದುಕೊಳ್ಳುತ್ತಿದ್ದವರು ತಲೆ ಎತ್ತಿ ಕೇಳಿದರು: "ಹೇಗಿದ್ದ? ಯಾವ ಬಣ್ಣದ ಶರ್ಟು?" ಹಿರಿಯರು ಗಾಬರಿಯಾದರು. "ನಾನು ನೋಡಲೇ ಇಲ್ಲವಲ್ಲ!" ಠಾಣೆಯವರ ಮುಖದಲ್ಲಿ ಅನುಮಾನ ಬಂತು. ಈಗ ತಾನೆ ನೋಡಿದ ಹಾಗೆ ಹೇಳಿದರು, ಕೇಳಿದರೆ ನೋಡಿಲ್ಲ ಅಂತಾರೆ.

ಹಿರಿಯರು ಸರಿಯಾಗಿಯೇ ಹೇಳಿದ್ದರು. 'ಶಾ' ಅಂದರೆ: ನಾನು ಆಗಿದ್ದನ್ನು ನೋಡಿಲ್ಲ, ಆದ ಮೇಲಿನ ಗುರುತು ನೋಡಿದ್ದೇನೆ. ಕಣ್ಣಾರೆ ಕಂಡಿದ್ದರೆ 'ಖ್ಯೇರ್ ಸೊಂಗ್' ಅನ್ನುತ್ತಿದ್ದರು. ಟಿಬೆಟನ್‌ನಲ್ಲಿ ಮಾತು ಮುಗಿಸುವಾಗ ಇದು ನಿಮಗೆ ಹೇಗೆ ಗೊತ್ತಾಯಿತು ಅನ್ನೋದನ್ನು ಹೇಳಿಯೇ ಮುಗಿಸಬೇಕು. ಬೇಕಾದರೆ ಹೇಳಬಹುದು, ಬೇಡವಾದರೆ ಬಿಡಬಹುದು ಅನ್ನೋ ಮಾತಲ್ಲ. ಕ್ರಿಯಾಪದದಲ್ಲೇ ಅದು ಸೇರಿಕೊಂಡಿದೆ.

ಮಳೆ ಇಟ್ಟುಕೊಂಡು ನೋಡಿ. 'ಛರ್ಪಾ ತಾಂಗ್ ಸೊಂಗ್': ಮಳೆ ಬಂತು, ನಾನೇ ಕಂಡೆ. 'ಛರ್ಪಾ ತಾಂಗ್ ಶಾ': ಬೆಳಿಗ್ಗೆ ಬಾಗಿಲು ತೆಗೆದೆ, ಅಂಗಳ ಒದ್ದೆ, ಮಳೆ ಬಂದಂಗಿದೆ. 'ಛರ್ಪಾ ತಾಂಗ್ ಪಾರೆ ಸೆ': ಮಳೆ ಬಂತಂತೆ. ಇಂಗ್ಲಿಷಿನವರಿಗೆ ಇದನ್ನು ಕಲಿಸೋಕೆ ಪುಸ್ತಕಗಳಲ್ಲಿ ಪುಟಗಟ್ಟಲೆ ವಿವರಣೆ ಬೇಕಾಗುತ್ತದೆ. ನಮಗೆ ಬಂತು, ಬಂದಂಗಿದೆ, ಬಂತಂತೆ ಅಂದರೆ ಮುಗಿಯಿತು. ಅಂದು ನಾನು 'ಕಳ್ಳ ತಗೊಂಡು ಹೋಗಿದ್ದಾನೆ' ಅಥವಾ 'ಹೋದಂಗಿದೆ' ಅಂದಿದ್ದರೆ ಸಾಕಿತ್ತು. ಕನ್ನಡದಲ್ಲಿ ಜಾಗ ಇತ್ತು. ನನ್ನ ತಲೆಯಲ್ಲಿ ಹಿಂದಿ ಓಡುತ್ತಿತ್ತು.

ಆಸ್ಪತ್ರೆಯಲ್ಲಿ ಇದು ಇನ್ನೂ ಮುಖ್ಯ. ಅಜ್ಜಿಯೊಬ್ಬರು, ಅವರ ಮಾತಿನಲ್ಲಿ ಮೋಮೋ-ಲಾ, ತಲೆ ಮುಟ್ಟಿಕೊಂಡು 'ಗೊ ನಗಿದು' ಅಂದರೆ ಈಗ ಈ ಕ್ಷಣ ತಲೆ ನೋಯುತ್ತಿದೆ. ಕೊನೆಯ 'ದು' ಅಂದರೆ ಅನುಭವಕ್ಕೆ ಬರುತ್ತಿರುವುದು. ಹೊರಗೆ ಕಂಡದ್ದಕ್ಕೂ ಇದೇ ಬಾಲ, ಒಳಗೆ ನೋಯುವುದಕ್ಕೂ ಇದೇ. ತನ್ನ ನೋವನ್ನೂ ಒಂದು ಹೆಜ್ಜೆ ಹಿಂದೆ ನಿಂತು ಕಂಡ ಹಾಗೆ ಹೇಳುತ್ತಾರೆ. ಅದೇ ಅಜ್ಜಿ 'ಗೊ ನಗಿಯೋ' ಅಂದರೆ ಆಗಾಗ ನೋಯುತ್ತಿರುತ್ತದೆ, ನನಗೆ ಗೊತ್ತಿರೋ ನೋವು ಅಂತ. ನೋಯ್ತಿದೆ, ನೋಯುತ್ತೆ. ಡಾಕ್ಟರಿಗೆ ಈ ವ್ಯತ್ಯಾಸ ಬೇಕೇ ಬೇಕು, ಇಂದಿನ ಜ್ವರದ ತಲೆನೋವು ಬೇರೆ, ಆರು ತಿಂಗಳಿಂದ ಬಂದು ಹೋಗುವುದು ಬೇರೆ. ಮೊಮ್ಮಗ ಮಧ್ಯೆ ನಿಂತು ಇಂಗ್ಲಿಷಿನಲ್ಲಿ ಹೇಳಿದಾಗ ಎರಡೂ ಒಂದೇ 'ಹೆಡೇಕ್' ಆಗಿಬಿಡುತ್ತದೆ. ನಾನು ಆಸ್ಪತ್ರೆಯವರಿಗೆ ಹೇಳಿಕೊಡುವುದು ಇಷ್ಟೇ: ಕೊನೆಯಲ್ಲಿ ದು ಕೇಳಿಸಿತಾ, ಯೋ ಕೇಳಿಸಿತಾ, ಅಷ್ಟು ಗಮನಿಸಿ. ಉಳಿದದ್ದನ್ನು ದುಭಾಷಿ ನೋಡಿಕೊಳ್ಳಲಿ.

ಪ್ರಶ್ನೆ ಕೇಳುವಾಗ ಇನ್ನೊಂದು ಚಂದ ಇದೆ. ನಾನು ಮೇಷ್ಟ್ರು ಅನ್ನುವಾಗ ಕೊನೆಯಲ್ಲಿ 'ಯಿನ್', ಅವರು ಮೇಷ್ಟ್ರು ಅನ್ನುವಾಗ 'ರೆ'. ಹಾಗಾದರೆ ನೀವು ಮೇಷ್ಟ್ರಾ ಅಂತ ಕೇಳುವಾಗ? ಅಲ್ಲಿ ಯಿನ್ ಬರುತ್ತದೆ. ಉತ್ತರ ಕೊಡುವವರು ಯಾವ ಬಾಲ ಬಳಸುತ್ತಾರೋ ಕೇಳುವವರು ಅದನ್ನೇ ಮೊದಲು ಬಳಸಬೇಕು. ಎದುರಿನವರ ಕುರ್ಚಿಯಲ್ಲಿ ಒಂದು ಗಳಿಗೆ ಕೂತು ಪ್ರಶ್ನೆ ಕೇಳಿದ ಹಾಗೆ. ಇದಕ್ಕೆ ಮಾತ್ರ ಕನ್ನಡದಲ್ಲಿ ಜೋಡಿ ಸಿಕ್ಕಿಲ್ಲ ನನಗೆ.

ಮರ್ಯಾದೆ ಮಾತಿನಲ್ಲಿ ನಮ್ಮ ನೀವು, ಬನ್ನಿ ಸಾಲದು. ಅವರದು ಪದವೇ ಬೇರೆ. ತಲೆ ನನ್ನದಾದರೆ ಗೊ, ಹಿರಿಯರದ್ದಾದರೆ ಉ. ಕೈ ನನ್ನದಾದರೆ ಲಕ್ಪಾ, ಅವರದ್ದು ಛಾಗ್. ಹೆಸರು ನನ್ನದು ಮಿಂಗ್, ನಿಮ್ಮದು ತ್ಸೆನ್. ಉತ್ಸಾಹಿ ಬ್ಯಾಂಕ್ ಹುಡುಗಿಯೊಬ್ಬಳು ತ್ಸೆನ್ ಅನ್ನೋ ಪದ ಕಲಿತು, ತನ್ನ ಹೆಸರನ್ನೂ ತ್ಸೆನ್ ಅಂತಲೇ ಹೇಳಿಕೊಂಡಳು. 'ಶ್ರೀಮತಿಯವರಾದ ನಾನು ದಯಮಾಡಿಸಿದ್ದೇನೆ' ಅಂದ ಹಾಗಾಯಿತು. ಸಾಲಿನಲ್ಲಿದ್ದ ಅಜ್ಜಿಯರು ಸೆರಗಿಲ್ಲದ ಛುಪಾ ಅನ್ನೋ ನಿಲುವಂಗಿಯ ತೋಳಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕರು. ಆದರೆ ಮುಂದಿನ ವಾರದಿಂದ ಎಲ್ಲರೂ ಅವಳ ಕೌಂಟರಿಗೇ ಹೋಗತೊಡಗಿದರು.

ಆ ಸಾಲಿನಲ್ಲಿ ಒಬ್ಬರ ವಯಸ್ಸು ಹುಡುಕಿದ್ದು ನಾನೇ. ಹುಟ್ಟಿದ ತಾರೀಕು ಕೇಳಿದರೆ 'ನನ್ನದು ಕೋತಿ ವರ್ಷ' ಅಂದರು. ಹನ್ನೆರಡು ಪ್ರಾಣಿ, ಐದು ಧಾತು, ಸೇರಿ ಅರವತ್ತು ವರ್ಷದ ಸುತ್ತು. ಇದನ್ನೂ ನಾವು ಚೀನಾದ್ದು ಅಂತ ಪಕ್ಕಕ್ಕಿಡುತ್ತೇವೆ. ಪ್ರಾಣಿಗಳು ಆ ಕಡೆಯವು, ನಿಜ. ಆದರೆ ಸುತ್ತಿಗೆ ಅವರಿಟ್ಟ ಹೆಸರು ರಬ್‌ಜುಂಗ್, ಅದು ನಮ್ಮ 'ಪ್ರಭವ' ಪದದ ಅನುವಾದ. ಕಾಲಚಕ್ರ ತಂತ್ರ ಅನ್ನೋ ಬೌದ್ಧ ಗ್ರಂಥದ ಜೊತೆ ಇಲ್ಲಿಂದ ಹೋದದ್ದು. ಮೊದಲ ರಬ್‌ಜುಂಗ್ 1027ರಲ್ಲಿ ಶುರುವಾಯಿತು, 17ನೆಯದು 1987ರಲ್ಲಿ. ಅದೇ 1987ರ ಯುಗಾದಿಗೆ ನಮ್ಮ ಪಂಚಾಂಗದಲ್ಲೂ ಪ್ರಭವ ಸಂವತ್ಸರ. ಎರಡೂ ಗಡಿಯಾರ ಒಟ್ಟಿಗೇ ತಿರುಗುತ್ತಿವೆ.

ಕೋತಿ ವರ್ಷ ಅಂದರೆ 1932, 1944 ಅಥವಾ 1956. ಯಾವುದು? 1959ರಲ್ಲಿ ಗಡಿ ದಾಟುವಾಗ ಪುಟ್ಟ ತಮ್ಮನನ್ನು ಬೆನ್ನಿಗೆ ಕಟ್ಟಿಕೊಂಡಿದ್ದೆ ಅಂದರು. ಮೂರು ವರ್ಷದ ಮಗು ಇನ್ನೊಂದು ಮಗುವನ್ನು ಹೊರಲಾರದು. ಇಪ್ಪತ್ತೇಳಕ್ಕೆ ಅಷ್ಟು ಚಿಕ್ಕ ತಮ್ಮ ಇರುವುದು ಅಪರೂಪ. ಹಾಗಾಗಿ 1944, ಮರ-ಕೋತಿ. ತಿಂಗಳು, ದಿನ ಗೊತ್ತಿಲ್ಲದ್ದರಿಂದ ಅವರ ಹಳೆಯ ಕಾಗದದಲ್ಲಿ ಎಂದೋ ಯಾರೋ ಜನವರಿ 1, 1944 ಅಂತ ಬರೆದಿದ್ದರು. ಅವರ ಪೀಳಿಗೆಯ ಎಷ್ಟೋ ಜನರ ಹುಟ್ಟುಹಬ್ಬ ಜನವರಿ 1. ತಮಾಷೆ ಏನೆಂದರೆ ಹೊಸ ವರ್ಷ ಲೊಸಾರ್ ಬರುವುದು ಫೆಬ್ರವರಿ, ಮಾರ್ಚ್ ಹೊತ್ತಿಗೆ. ಆ ಜನವರಿ 1 ಇನ್ನೂ ಕುರಿ ವರ್ಷದಲ್ಲೇ ಇತ್ತು. ಕಾಗದದ ಪ್ರಕಾರ ಅಜ್ಜಿ ಕೋತಿಯೇ ಅಲ್ಲ!

ಬ್ಯಾಂಕ್ ಹುಡುಗಿ ಆ ತಾರೀಕನ್ನು ಓದಿ, ಸರಿನಾ ಅಂತ ಕೇಳಿದಳು. ನಾನು ದಾಟಿಸಿದೆ. ಅಜ್ಜಿ ಒಂದು ಗಳಿಗೆ ಯೋಚನೆ ಮಾಡಿ, ತಾರೀಕನ್ನು ಇದ್ದ ಹಾಗೇ ಹೇಳಿ, ಕೊನೆಯಲ್ಲಿ 'ಸೆ' ಸೇರಿಸಿದರು. ಈ ಸಲ ನಾನು ಬಾಲ ಬಿಡಲಿಲ್ಲ.

"ಜನವರಿ ಒಂದಕ್ಕೆ ಹುಟ್ಟಿದ್ದಂತೆ," ಅಂದೆ.