ಪದ ಪರಿಚಯ: ಶುದ್ಧ ವರ್ಗಸಮೀಕರಣ ಮತ್ತು ವರ್ಗಮೂಲ ವಿಧಾನ

ಅವ್ಯಕ್ತ ಸಂಖ್ಯೆಯ ಗರಿಷ್ಠ ಘಾತ ಎರಡಾಗಿರುವ ಸಮೀಕರಣವೇ ವರ್ಗಸಮೀಕರಣ. ಅದರಲ್ಲಿ ಅವ್ಯಕ್ತದ ವರ್ಗವಷ್ಟೇ ಇದ್ದು ಒಂದನೆಯ ಘಾತದ ಪದ ಇಲ್ಲದಿದ್ದರೆ ಅದನ್ನು ಶುದ್ಧ ವರ್ಗಸಮೀಕರಣವೆಂದೂ, ಎರಡೂ ಇದ್ದರೆ ಮಿಶ್ರ ವರ್ಗಸಮೀಕರಣವೆಂದೂ ಕರೆಯುತ್ತಾರೆ. ಶುದ್ಧ ವರ್ಗಸಮೀಕರಣವನ್ನು ಬಿಡಿಸಲು ಸೂತ್ರವೂ ಬೇಡ, ಅಪವರ್ತನವೂ ಬೇಡ. ವರ್ಗಪದವೊಂದನ್ನೇ ಎಡಬದಿಯಲ್ಲಿ ಉಳಿಸಿಕೊಂಡು ವರ್ಗಮೂಲ ತೆಗೆದರೆ ಸಾಕು.

ಅವ್ಯಕ್ತವನ್ನು ‘ಯ’ ಎಂದಿಟ್ಟುಕೊಂಡು 3ಯ² − 75 = 0 ಎಂಬುದನ್ನು ನೋಡೋಣ. 75ನ್ನು ಬಲಬದಿಗೆ ಒಯ್ದು 3ರಿಂದ ಭಾಗಿಸಿದಾಗ ಯ² = 25 ಎಂದಾಗುತ್ತದೆ. ಅವಸರದಲ್ಲಿ ಯ = 5 ಎಂದು ಬರೆದು ಮುಗಿಸುವವರು ಎಡವುವುದು ಇಲ್ಲಿಯೇ, ಏಕೆಂದರೆ −5ರ ವರ್ಗವೂ 25. √25 ಎಂಬ ಬರಹ ರೂಢಿಯಂತೆ ಧನ ವರ್ಗಮೂಲವಾದ 5ನ್ನು ಮಾತ್ರ ಸೂಚಿಸುತ್ತದೆ. ಆದರೆ ಸಮೀಕರಣ ಕೇಳುತ್ತಿರುವುದು ‘ಯಾವ ಯಾವ ಸಂಖ್ಯೆಗಳ ವರ್ಗ 25?’ ಎಂದು. ಆದ್ದರಿಂದ ಯ = ±√25, ಅಂದರೆ 5 ಅಥವಾ −5. ಸಂದೇಹವಿದ್ದರೆ ಯ² − 25ನ್ನು (ಯ − 5)(ಯ + 5) ಎಂದು ಒಡೆದು ನೋಡಬಹುದು. ಗುಣಲಬ್ಧ ಸೊನ್ನೆಯಾಗಲು ಇವೆರಡರಲ್ಲಿ ಒಂದಾದರೂ ಸೊನ್ನೆಯಾಗಲೇಬೇಕು.

ಧನಸಂಖ್ಯೆಯ ವರ್ಗಮೂಲ ಧನವೂ ಆಗಬಹುದು, ಋಣವೂ ಆಗಬಹುದು. ಋಣಸಂಖ್ಯೆ ಯಾವುದರ ವರ್ಗವೂ ಅಲ್ಲವಾದ್ದರಿಂದ ಅದಕ್ಕೆ ವರ್ಗಮೂಲವಿಲ್ಲ ಎಂದು 12ನೆಯ ಶತಮಾನದ ಭಾಸ್ಕರಾಚಾರ್ಯರು ತಮ್ಮ ‘ಬೀಜಗಣಿತ’ದಲ್ಲಿ ಹೇಳಿದ್ದಾರೆ. ವಾಸ್ತವ ಸಂಖ್ಯೆಗಳ ಮಟ್ಟಿಗೆ ಈ ಮಾತು ಇಂದಿಗೂ ನಿಜ: ಯ² = −9ಕ್ಕೆ ಅಲ್ಲಿ ಪರಿಹಾರವಿಲ್ಲ.

ಎರಡು ಮೂಲಗಳು ಸಿಕ್ಕ ಮಾತ್ರಕ್ಕೆ ಎರಡೂ ಉಪಯೋಗಕ್ಕೆ ಬರುತ್ತವೆಂದಲ್ಲ. ಗಾಳಿಯ ತಡೆಯನ್ನು ಲೆಕ್ಕಿಸದಿದ್ದರೆ, ಕೈಬಿಟ್ಟ ಕಲ್ಲು 44.1 ಮೀಟರ್ ಬೀಳಲು ಹಿಡಿಯುವ ಸೆಕೆಂಡುಗಳನ್ನು 4.9ಯ² = 44.1 ಎಂಬ ಸಮೀಕರಣ ಕೊಡುತ್ತದೆ. ಯ² = 9 ಆದ್ದರಿಂದ ಉತ್ತರ 3 ಸೆಕೆಂಡು. ಇಲ್ಲಿ −3ನ್ನು ತಳ್ಳಿಹಾಕುವುದು ಸಮೀಕರಣವಲ್ಲ, ಸಂದರ್ಭ.

ಈ ವಿಧಾನದ ನಿಜವಾದ ಸೊಗಸು ಕಾಣುವುದು (ಯ − 4)² = 7ರಂಥ ಸಮೀಕರಣದಲ್ಲಿ. ಆವರಣವನ್ನು ಬಿಡಿಸಿ ಬರೆಯುವ ಅಭ್ಯಾಸಬಲಕ್ಕೆ ಸೋತರೆ ಯ² − 8ಯ + 9 = 0 ಎಂಬ ಮಿಶ್ರ ಸಮೀಕರಣ ಎದುರಾಗುತ್ತದೆ; ಅದು ಪೂರ್ಣಾಂಕಗಳಲ್ಲಿ ಅಪವರ್ತನಕ್ಕೂ ಒಗ್ಗುವುದಿಲ್ಲ. ಆವರಣವನ್ನು ಮುಟ್ಟದೆ ವರ್ಗಮೂಲ ತೆಗೆದರೆ ಯ − 4 = ±√7, ಅಂದರೆ ಯ = 4 ± √7; ಸುಮಾರು 6.646 ಮತ್ತು 1.354. ಇದೇ ದಾರಿಯಲ್ಲಿ ಹಿಂದಕ್ಕೆ ನಡೆದು, ಮಿಶ್ರ ಸಮೀಕರಣದ 9ನ್ನು ಬಲಬದಿಗೆ ಒಯ್ದು ಎರಡೂ ಬದಿಗೆ 16 ಕೂಡಿಸಿ ಮತ್ತೆ (ಯ − 4)² = 7ನ್ನು ಪಡೆಯುವುದೇ ವರ್ಗವನ್ನು ಪೂರ್ಣಗೊಳಿಸುವ ವಿಧಾನ. ವರ್ಗಸಮೀಕರಣದ ಸಾಮಾನ್ಯ ಸೂತ್ರದಲ್ಲಿರುವ ± ಚಿಹ್ನೆ ಬಂದಿರುವುದೂ ಈ ವರ್ಗಮೂಲದ ಹಂತದಿಂದಲೇ.