ಕಾಣದ ಪೆಟ್ಟಿನ ಲೆಕ್ಕ: ಮೈಕ್ ವೆಬ್‌ಸ್ಟರ್ ಮತ್ತು ಫುಟ್‌ಬಾಲ್ ಲೈನ್‌ಮನ್‌ಗಳ ಮೆದುಳು

ಅಮೆರಿಕನ್ ಫುಟ್‌ಬಾಲ್‌ನಲ್ಲಿ ಚೆಂಡು ಹಿಡಿದು ಓಡುವವನ ತಲೆಗೆ ಪೆಟ್ಟು ಬಿದ್ದರೆ ಇಡೀ ಕ್ರೀಡಾಂಗಣ ನೋಡುತ್ತದೆ. ಅವನು ತೂರಾಡಿದರೆ ವೈದ್ಯರು ಓಡಿ ಬರುತ್ತಾರೆ, ಟಿವಿಯಲ್ಲಿ ಹತ್ತು ಸಲ ಅದೇ ದೃಶ್ಯ ಬರುತ್ತದೆ. ಮುಂಸಾಲಿನಲ್ಲಿ ಎದುರಾಳಿಗೆ ಮುಖಾಮುಖಿ ನಿಂತು ಗುದ್ದಾಡುವ ಆಟಗಾರ, ಅಂದರೆ ಲೈನ್‌ಮನ್‌ಗೆ ಬೀಳುವ ಪೆಟ್ಟು ಹಾಗಲ್ಲ. ಅದು ಒಂದು ಮೀಟರಿಗಿಂತ ಕಡಿಮೆ ಅಂತರದಲ್ಲಿ, ಹತ್ತು ಜನರ ಗುಂಪಿನೊಳಗೆ, ಪ್ರತಿ ಆಟದಲ್ಲೂ, ಅಂದರೆ ಪಂದ್ಯದಲ್ಲಿ ಚೆಂಡು ಹೊರಟಾಗಲೆಲ್ಲ, ಬೀಳುತ್ತದೆ. ಅವನು ಬೀಳುವುದಿಲ್ಲ, ಎದ್ದು ಮುಂದಿನ ಆಟಕ್ಕೆ ಬಾಗುತ್ತಾನೆ. ಕ್ರೀಡಾಪಟುಗಳ ಮೆದುಳಿನ ಬಗ್ಗೆ ಕಳೆದ ಇಪ್ಪತ್ತು ವರ್ಷಗಳಲ್ಲಿ ನಡೆದ ದೊಡ್ಡ ವಾದ, ಮೊಕದ್ದಮೆ, ನಿಯಮ ಬದಲಾವಣೆಗಳೆಲ್ಲ ಇಂಥ ಒಬ್ಬ ಲೈನ್‌ಮನ್‌ನ ಸಾವಿನಿಂದ ಶುರುವಾದವು. ಆದರೆ ಅವನಿಗೆ ಬಿದ್ದ ಬಗೆಯ ಪೆಟ್ಟು ಮಾತ್ರ ಇವತ್ತಿಗೂ ಆಟದೊಳಗೇ ಇದೆ.

ಮೈಕ್ ವೆಬ್‌ಸ್ಟರ್ ಹುಟ್ಟಿದ್ದು 1952ರಲ್ಲಿ, ವಿಸ್ಕಾನ್ಸಿನ್ ರಾಜ್ಯದ ಟೊಮಾಹಾಕ್‌ನಲ್ಲಿ. ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಪರ ಆಡಿದ ಅವರನ್ನು, ವೃತ್ತಿಪರ ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವ 1974ರ ಆಯ್ಕೆಯಲ್ಲಿ ಪಿಟ್ಸ್‌ಬರ್ಗ್ ಸ್ಟೀಲರ್ಸ್ ತಂಡ ಐದನೇ ಸುತ್ತಿನಲ್ಲಿ, 125ನೆಯವರಾಗಿ ತೆಗೆದುಕೊಂಡಿತು. ಲೈನ್‌ಮನ್ ಆಗಲು ಮೈಕಟ್ಟು ಸಾಲದು ಎಂಬುದೇ ಅಷ್ಟು ಹಿಂದೆ ಬೀಳಲು ಕಾರಣ. ಅದೇ ವರ್ಷ ಅದೇ ತಂಡ ಲಿನ್ ಸ್ವಾನ್, ಜ್ಯಾಕ್ ಲ್ಯಾಂಬರ್ಟ್, ಜಾನ್ ಸ್ಟಾಲ್‌ವರ್ತ್ ಅವರನ್ನೂ ಆರಿಸಿತು. ನಾಲ್ವರೂ ಆಟದ ಮಹಾನ್ ಆಟಗಾರರ ಗೌರವಪಟ್ಟಿಯಾದ ಹಾಲ್ ಆಫ್ ಫೇಮ್ ಸೇರಿದರು. ಸ್ಟೀಲರ್ಸ್ ಪರ 15 ಋತು, 220 ಪಂದ್ಯ, ಲೀಗ್‌ನ ಅಂತಿಮ ಪಂದ್ಯವಾದ ಸೂಪರ್ ಬೌಲ್‌ನಲ್ಲಿ ನಾಲ್ಕು ಗೆಲುವು, ಋತುವಿನ ಅತ್ಯುತ್ತಮರಿಗೆ ಮೀಸಲಾದ ಪ್ರೊ ಬೌಲ್‌ಗೆ ಒಂಬತ್ತು ಬಾರಿ ಆಯ್ಕೆ. ಸತತ 177 ಪಂದ್ಯಗಳಲ್ಲಿ ಒಂದನ್ನೂ ತಪ್ಪಿಸಲಿಲ್ಲ. ಕೊನೆಯ ಎರಡು ಋತು ಕ್ಯಾನ್ಸಸ್ ಸಿಟಿ ಚೀಫ್ಸ್ ಪರ ಆಡಿ, 1990ರ ಋತುವಿನ ನಂತರ ನಿಲ್ಲಿಸಿದರು. ಒಟ್ಟು 245 ಪಂದ್ಯ.

ಅವರ ಜಾಗ ಸೆಂಟರ್. ಐವರ ಸಾಲಿನ ನಟ್ಟನಡುವೆ ಸೆಂಟರ್, ಎರಡೂ ಪಕ್ಕದಲ್ಲಿ ಗಾರ್ಡ್, ಅವರಾಚೆ ಟ್ಯಾಕಲ್. ಐವರಿಗೂ ಕೆಲಸ ಒಂದೇ: ಎದುರಾಳಿ ನುಗ್ಗಿ ಬಂದು, ಹಿಂದೆ ನಿಂತು ಆಟ ನಡೆಸುವ ಮತ್ತು ಚೆಂಡು ಎಸೆಯುವ ತಮ್ಮ ಕ್ವಾರ್ಟರ್‌ಬ್ಯಾಕ್‌ನನ್ನು ಕೆಡವದಂತೆ ತಡೆಯುವುದು, ಇಲ್ಲವೇ ಓಡುವವನಿಗೆ ದಾರಿ ಬಿಡಿಸುವುದು. ಸೆಂಟರ್‌ಗೆ ಇದರ ಮೇಲೆ ಇನ್ನೊಂದು ಹೊರೆ. ನೆಲದ ಮೇಲಿನ ಚೆಂಡನ್ನು ಕಾಲುಗಳ ನಡುವಿನಿಂದ ಹಿಂದಕ್ಕೆ ಕೊಟ್ಟು ಆಟ ಶುರು ಮಾಡಬೇಕಾದವನು ಅವನೇ.

ಹೀಗೆ ಚೆಂಡು ಕೊಡುವುದಕ್ಕೆ ಸ್ನ್ಯಾಪ್ ಎಂದು ಹೆಸರು; ಅದನ್ನು ಹತ್ತಿರದಿಂದ ನೋಡಬೇಕು. ಕಾಲು ಭುಜದಗಲಕ್ಕಿಂತ ತುಸು ಹೆಚ್ಚು ಚಾಚಿ, ಸೊಂಟ ತಗ್ಗಿಸಿ, ಒಂದು ಕೈಯನ್ನು ಚೆಂಡಿನ ಮೇಲಿಟ್ಟು ಬಾಗುತ್ತಾನೆ. ತಲೆ ದೇಹಕ್ಕಿಂತ ಮುಂದೆ ಇರುತ್ತದೆ. ಎರಡು ತಂಡಗಳ ನಡುವೆ ಯಾರೂ ಇರಬಾರದ ಜಾಗದ ಅಗಲ ಚೆಂಡಿನ ಉದ್ದದಷ್ಟು, ಅಂದರೆ ಸುಮಾರು 28 ಸೆಂಟಿಮೀಟರ್. ಕ್ವಾರ್ಟರ್‌ಬ್ಯಾಕ್ ಕೂಗಿದ ಕ್ಷಣ ಚೆಂಡನ್ನು ಕಾಲು ಸುತ್ತು ತಿರುಗಿಸಿ ಅವನ ಅಂಗೈಗೆ ಬಡಿಯಬೇಕು. ಹೀಗೆ ತಿರುಗಿಸಿದರೆ ಚೆಂಡಿನ ಹೊಲಿಗೆ ಅವನ ಬೆರಳಿಗೆ ಸಿಗುತ್ತದೆ. ಅದೇ ಕ್ಷಣಕ್ಕೆ ಮೊದಲ ಹೆಜ್ಜೆಯೂ ಬೀಳಬೇಕು. ಗೇಣುದ್ದದ ಗಿಡ್ಡ ಹೆಜ್ಜೆ; ಉದ್ದ ಇಟ್ಟರೆ ಒಂದೇ ಕಾಲಿನ ಮೇಲೆ ನಿಂತಂತಾಗಿ ಎದುರಾಳಿ ಮಗುಚಿ ಹಾಕುತ್ತಾನೆ. ತೊಡಕು ಇರುವುದು ಇಲ್ಲೇ. ಒಂದು ಕೈ ಇನ್ನೂ ಕಾಲುಗಳ ನಡುವೆ ಹಿಂದೆಯೇ ಇದೆ. ಎದುರಾಳಿಗೆ ಎರಡು ಕೈಯೂ ಖಾಲಿ. ಆ ಅರೆಕ್ಷಣದಲ್ಲಿ ಸೆಂಟರ್ ಬಳಿ ತಡೆಯಲು ಉಳಿಯುವುದು ಒಂದು ಕೈ, ಭುಜ ಮತ್ತು ತಲೆ.

ವೆಬ್‌ಸ್ಟರ್ ಅಮೆರಿಕದ ವೃತ್ತಿಪರ ಫುಟ್‌ಬಾಲ್ ಲೀಗ್ ಆದ ಎನ್‌ಎಫ್‌ಎಲ್‌ಗೆ ಬಂದ ಕಾಲದ ನಿಯಮಗಳು ಇದನ್ನು ಇನ್ನಷ್ಟು ಕೆಡಿಸಿದ್ದವು. 1978ರವರೆಗೆ ತಡೆಯುವವನು ತೋಳು ಚಾಚಿ, ಅಂಗೈ ಬಿಚ್ಚಿ ಎದುರಾಳಿಯನ್ನು ದೂಡುವಂತಿರಲಿಲ್ಲ. ಮುಷ್ಟಿ ಕಟ್ಟಿ ಎದೆಗೆ ಒತ್ತಿಕೊಂಡೇ ಮೇಲೆ ಬೀಳಬೇಕಿತ್ತು. ಮೊದಲು ತಾಗುವುದು ಹೆಲ್ಮೆಟ್ಟೇ. ಇನ್ನೊಂದೆಡೆ, ಎದುರಾಳಿ ಅಂಗೈಯಿಂದ ಹೆಲ್ಮೆಟ್ಟಿನ ಪಕ್ಕಕ್ಕೆ ಬಾರಿಸುವ 'ಹೆಡ್ ಸ್ಲ್ಯಾಪ್' 1977ರವರೆಗೆ ನಿಯಮಬದ್ಧವೇ ಆಗಿತ್ತು. ಅದೇ ಸುಮಾರಿಗೆ ತಂಡಗಳು ಮೂವರನ್ನು ಮುಂದಿಟ್ಟು ಆಡುವ ರಕ್ಷಣಾ ವ್ಯೂಹಕ್ಕೆ ಹೊರಳಿದವು. ಅದರಲ್ಲಿ ಒಬ್ಬ ದೈತ್ಯ ಸೆಂಟರ್‌ನ ಮೂಗಿಗೆ ಮೂಗು ತಾಗುವಂತೆ ನಿಲ್ಲುತ್ತಾನೆ. ಅವನ ಹೆಸರೇ 'ನೋಸ್ ಟ್ಯಾಕಲ್'. ಟಗರು ಕಾಳಗ ಕಂಡವರಿಗೆ ಈ ನಿಲುವು ಹೊಸದೆನಿಸದು. ಆದರೆ ಟಗರಿನ ಬುರುಡೆ ಗುದ್ದಾಟಕ್ಕೆಂದೇ ಬೆಳೆದದ್ದು, ಮನುಷ್ಯನದು ಅಲ್ಲ.

ಈಗ ಲೆಕ್ಕ ಹಾಕಿ. ಪಂದ್ಯಕ್ಕೆ ಒಂದು ತಂಡದ ಆಕ್ರಮಣದ ಆಟ ಸುಮಾರು 60. ಮೊದಲ ಎರಡು ವರ್ಷ ವೆಬ್‌ಸ್ಟರ್ ಆ ಜಾಗವನ್ನು ರೇ ಮ್ಯಾನ್ಸ್‌ಫೀಲ್ಡ್ ಜತೆ ಹಂಚಿಕೊಂಡಿದ್ದರು. ಅದನ್ನು ಕಳೆದರೂ ಬರೀ ಪಂದ್ಯಗಳಲ್ಲೇ ಹತ್ತು ಸಾವಿರಕ್ಕೂ ಮೀರಿದ ಡಿಕ್ಕಿ. ಅಭ್ಯಾಸ, ಶಾಲೆ, ಕಾಲೇಜಿನವು ಬೇರೆ.

ಇವುಗಳಲ್ಲಿ ಬಹುಪಾಲು ಡಿಕ್ಕಿಗಳಿಂದ ಪ್ರಜ್ಞೆ ತಪ್ಪುವುದಿಲ್ಲ, ತಲೆಯೂ ಸುತ್ತುವುದಿಲ್ಲ. ಹೆಲ್ಮೆಟ್ಟಿನೊಳಗೆ ಮಾಪಕ ಇಟ್ಟು ಕಾಲೇಜು ತಂಡಗಳಲ್ಲಿ ಅಳೆದಾಗ, ಅತಿ ಹೆಚ್ಚು ಸಲ ತಲೆಗೆ ಪೆಟ್ಟು ತಿನ್ನುವವರು ಲೈನ್‌ಮನ್‌ಗಳೇ ಎಂದೂ, ಒಂದೊಂದು ಪೆಟ್ಟಿನ ಜೋರು ಮಾತ್ರ ಓಡುವವರದಕ್ಕಿಂತ ಕಡಿಮೆ ಎಂದೂ ಕಂಡುಬಂತು. ಓಡಿ ಬರಲು ಜಾಗವೇ ಇಲ್ಲದ್ದರಿಂದ ವೇಗ ಕಡಿಮೆ. ಆದರೂ ಹಾನಿ ಹೇಗೆ? ಗಿಣ್ಣಿನ ತಟ್ಟೆಯನ್ನು ಗಕ್ಕನೆ ಅರ್ಧ ಸುತ್ತು ತಿರುಗಿಸಿ ನೋಡಿ. ತಟ್ಟೆ ಮೊದಲು ತಿರುಗುತ್ತದೆ, ಗಿಣ್ಣು ಹಿಂದುಳಿದು ಆಮೇಲೆ ಬಳುಕುತ್ತದೆ. ಮೆದುಳೂ ಅಷ್ಟೇ ಮೆದು. ಬುರುಡೆ ತಿರುಗಿ ನಿಂತಾಗ ಅದು ಒಳಗೆ ಬಳುಕುತ್ತದೆ, ಮಡಿಕೆಗಳ ಆಳದಲ್ಲಿ ಎಳೆತ ಹೆಚ್ಚು ಬೀಳುತ್ತದೆ. ನರಕೋಶದ ಉದ್ದನೆಯ ಎಳೆಗಳೊಳಗೆ ಸಾಗಣೆಗೆಂದು ಸೂಕ್ಷ್ಮ ಕೊಳವೆಗಳಿವೆ. ಅವನ್ನು ಬಿಗಿದು ಹಿಡಿದಿರುವ ಪ್ರೋಟೀನ್ ಟಾವ್. ಎಳೆತದಿಂದ ಟಾವ್ ಕಳಚಿಕೊಂಡು, ರೂಪ ಕೆಟ್ಟು, ಗಂಟುಗಂಟಾಗಿ ರಕ್ತನಾಳಗಳ ಸುತ್ತ ಕೂಡಿಕೊಳ್ಳುತ್ತದೆ. ಆಟ ಬಿಟ್ಟ ಮೇಲೂ ಇದು ಹಬ್ಬುತ್ತಲೇ ಹೋಗಬಹುದು. ಇದಕ್ಕೆ ಸಿಟಿಇ (ಕ್ರಾನಿಕ್ ಟ್ರಾಮ್ಯಾಟಿಕ್ ಎನ್ಸೆಫಲೋಪತಿ) ಎಂದು ಹೆಸರು.

ಬಾಕ್ಸರ್‌ಗಳಲ್ಲಿ ಇಂಥದ್ದಿದೆ ಎಂದು ಹ್ಯಾರಿಸನ್ ಮಾರ್ಟ್‌ಲ್ಯಾಂಡ್ 1928ರಲ್ಲೇ ಬರೆದಿದ್ದರು. 1973ರಲ್ಲಿ ಕಾರ್ಸೆಲಿಸ್ ಮತ್ತವರ ಸಂಗಡಿಗರು 15 ಬಾಕ್ಸರ್‌ಗಳ ಮೆದುಳು ಪರೀಕ್ಷಿಸಿ ಅದನ್ನು ವಿವರವಾಗಿ ತೋರಿಸಿದರು. ಅದರ ಮರುವರ್ಷವೇ ವೆಬ್‌ಸ್ಟರ್ ಸ್ಟೀಲರ್ಸ್ ಸೇರಿದ್ದು. ಹೆಲ್ಮೆಟ್ ಇದೆಯಲ್ಲ ಎಂಬ ಭರವಸೆ ಫುಟ್‌ಬಾಲ್ ಮಂದಿಯದು. ಹೆಲ್ಮೆಟ್ ಬುರುಡೆ ಒಡೆಯುವುದನ್ನು ಚೆನ್ನಾಗಿಯೇ ತಡೆಯುತ್ತದೆ. ಒಳಗಿನ ಬಳುಕಾಟವನ್ನು ತಡೆಯಲು ಅದರಿಂದಾಗದು.

ನಿವೃತ್ತಿಯ ನಂತರ ವೆಬ್‌ಸ್ಟರ್ ಬದುಕು ಬೇಗನೆ ಕುಸಿಯಿತು. ಮರೆವು, ಸಿಟ್ಟು, ನಿದ್ದೆಯಿಲ್ಲದ ರಾತ್ರಿಗಳು, ಮೈತುಂಬ ನೋವು. ಹಣ ಹೋಯಿತು, ಸಂಸಾರ ಮುರಿಯಿತು. ಎಷ್ಟೋ ದಿನ ತಮ್ಮ ಪಿಕಪ್ ಗಾಡಿಯಲ್ಲೇ ಮಲಗಿದರು. 1997ರಲ್ಲಿ ಹಾಲ್ ಆಫ್ ಫೇಮ್ ಗೌರವ ಸ್ವೀಕರಿಸಿದಾಗಿನ ಅವರ ಭಾಷಣ ನಿಗದಿತ ಸಮಯ ಮೀರಿ, ಎಳೆ ತಪ್ಪುತ್ತ ಸಾಗಿತು. ಆಟಗಾರರ ಪಿಂಚಣಿ ಮಂಡಳಿಗೆ ಅಂಗವೈಕಲ್ಯ ಭತ್ಯೆಗೆ ಅರ್ಜಿ ಹಾಕಿದರು. ಮಂಡಳಿಯೇ ಕಳಿಸಿದ ವೈದ್ಯರೂ ಸೇರಿ ಪರೀಕ್ಷಿಸಿದವರೆಲ್ಲ, ತಲೆಗೆ ಬಿದ್ದ ಪೆಟ್ಟುಗಳೇ ಕಾರಣ ಎಂದರು. 1999ರಲ್ಲಿ ಮಂಡಳಿ ಅದನ್ನು ಒಪ್ಪಿತು. ಆದರೆ ಆಡುತ್ತಿದ್ದಾಗಲೇ ಅಶಕ್ತರಾದವರಿಗೆ ಸಿಗುವ ದೊಡ್ಡ ಮೊತ್ತ ಕೊಡದೆ, ನಿಧಾನವಾಗಿ ಕ್ಷೀಣಿಸಿದವರ ಕೆಳಗಿನ ದರ್ಜೆಗೆ ಹಾಕಿತು. ಲೀಗ್‌ನ ವಿಜ್ಞಾನಿಗಳು ಬಹಿರಂಗವಾಗಿ ಅಲ್ಲಗಳೆಯುತ್ತಿದ್ದ ಮಾತನ್ನೇ ಅದರ ಪಿಂಚಣಿ ಮಂಡಳಿ ಕಾಗದದಲ್ಲಿ ಒಪ್ಪಿತ್ತು. ಇಡೀ ಪ್ರಕರಣದಲ್ಲಿ ಇದಕ್ಕಿಂತ ದೊಡ್ಡ ಅನ್ಯಾಯ ನನಗೆ ಕಾಣುವುದಿಲ್ಲ. ಕುಟುಂಬದ ಪರ ಫೆಡರಲ್ ಮೇಲ್ಮನವಿ ನ್ಯಾಯಾಲಯ ತೀರ್ಪು ಎತ್ತಿಹಿಡಿದದ್ದು 2006ರ ಡಿಸೆಂಬರ್‌ನಲ್ಲಿ. ಹತ್ತು ಲಕ್ಷ ಡಾಲರ್‌ಗೂ ಮಿಕ್ಕಿದ ಆ ಹಣ ನೋಡಲು ವೆಬ್‌ಸ್ಟರ್ ಇರಲಿಲ್ಲ.

2002ರ ಸೆಪ್ಟೆಂಬರ್ 24ರಂದು, 50ನೇ ವಯಸ್ಸಿನಲ್ಲಿ, ಹೃದಯಾಘಾತದಿಂದ ಅವರು ತೀರಿಕೊಂಡರು. ಪಿಟ್ಸ್‌ಬರ್ಗ್‌ನ ಅಲೆಗೆನಿ ಕೌಂಟಿಯ ಶವಾಗಾರದಲ್ಲಿ ಪರೀಕ್ಷೆ ಮಾಡಿದವರು ನೈಜೀರಿಯಾದಲ್ಲಿ ಹುಟ್ಟಿದ ವೈದ್ಯ ಬೆನೆಟ್ ಒಮಾಲು. ಮೆದುಳು ಬರಿಗಣ್ಣಿಗೆ ಸರಿಯಾಗಿಯೇ ಕಂಡಿತು. ಅಲ್ಲಿಗೆ ಬಿಡಬಹುದಿತ್ತು. ಅವರು ಬಿಡಲಿಲ್ಲ. ರಾಸಾಯನಿಕದಲ್ಲಿ ಇಟ್ಟು ಗಟ್ಟಿಮಾಡಿಸಿ, ತೆಳು ಪದರಗಳಾಗಿ ಕೊಯ್ಯಿಸಿ, ಟಾವ್ ಪ್ರೋಟೀನ್ ಇದ್ದಲ್ಲಿ ಕಂದು ಬಣ್ಣ ಹಿಡಿಯುವ ಲೇಪನ ಹಾಕಿಸಿದರು. ಅದರ ಖರ್ಚೂ ಅವರದೇ. ಗಾಜಿನ ಪಟ್ಟಿಯ ಮೇಲೆ ಗಂಟುಗಳು ಮೂಡಿದವು. 2005ರ ಜುಲೈನಲ್ಲಿ 'ನ್ಯೂರೋಸರ್ಜರಿ' ಪತ್ರಿಕೆಯಲ್ಲಿ ಆ ವರದಿ ಬಂತು. ಎನ್‌ಎಫ್‌ಎಲ್ ಆಟಗಾರನೊಬ್ಬನಲ್ಲಿ ಸಿಟಿಇ ದಾಖಲಾದದ್ದು ಅದೇ ಮೊದಲು.

ಎನ್‌ಎಫ್‌ಎಲ್ 1994ರಲ್ಲೇ ಮಿದುಳಿನ ಗಾಯದ ಸಮಿತಿಯೊಂದನ್ನು ಮಾಡಿತ್ತು. ಅದರ ಅಧ್ಯಕ್ಷ ಎಲಿಯಟ್ ಪೆಲ್‌ಮನ್ ಕೀಲುನೋವಿನ ತಜ್ಞ, ನರವೈದ್ಯರಲ್ಲ. ಒಮಾಲು ವರದಿಯನ್ನು ಹಿಂತೆಗೆಯಬೇಕೆಂದು ಸಮಿತಿಯ ಸದಸ್ಯರು ಪತ್ರಿಕೆಗೆ ಬರೆದರು. ಪತ್ರಿಕೆ ಹಿಂತೆಗೆಯಲಿಲ್ಲ. ಅಷ್ಟರಲ್ಲಿ ಎರಡನೇ ಪ್ರಕರಣ ಸಿಕ್ಕಿತ್ತು: 2005ರಲ್ಲಿ 45ನೇ ವಯಸ್ಸಿಗೇ ತೀರಿಕೊಂಡ ಟೆರಿ ಲಾಂಗ್. ಸ್ಟೀಲರ್ಸ್ ಗಾರ್ಡ್ ಆಗಿದ್ದ ಅವರು 1984ರಿಂದ ವೆಬ್‌ಸ್ಟರ್ ಜತೆ ಒಂದೇ ಸಾಲಿನಲ್ಲಿ ಆಡಿದವರು. ಆಮೇಲೆ ರಕ್ಷಣಾ ಆಟಗಾರ ಆಂಡ್ರೆ ವಾಟರ್ಸ್, ನಂತರ ಸ್ಟೀಲರ್ಸ್ ಟ್ಯಾಕಲ್ ಜಸ್ಟಿನ್ ಸ್ಟ್ರೆಲ್‌ಜಿಕ್. ಮೊದಲ ನಾಲ್ವರಲ್ಲಿ ಮೂವರು ಒಂದೇ ತಂಡದ ಲೈನ್‌ಮನ್‌ಗಳು. ಹುಡುಕಾಟ ಪಿಟ್ಸ್‌ಬರ್ಗ್‌ನಿಂದಲೇ ಶುರುವಾದ್ದರಿಂದ ತಂಡ ಒಂದೇ ಆದದ್ದು ಸಹಜ. ಆದರೆ ಮೂವರೂ ಲೈನ್‌ಮನ್‌ಗಳೇ ಆಗಿದ್ದುದಕ್ಕೆ ಆ ಉತ್ತರ ಸಾಲದು.

ಮುಂದಿನದು ಹೆಚ್ಚು ಪರಿಚಿತ ಕಥೆ. 2009ರ ಅಕ್ಟೋಬರ್‌ನಲ್ಲಿ ಅಮೆರಿಕದ ಸಂಸತ್ತು ವಿಚಾರಣೆ ನಡೆಸಿತು. 4,500ಕ್ಕೂ ಹೆಚ್ಚು ಮಾಜಿ ಆಟಗಾರರು ದಾವೆ ಹೂಡಿದರು. 2013ರಲ್ಲಿ 76.5 ಕೋಟಿ ಡಾಲರ್ ರಾಜಿ ಪ್ರಕಟವಾಗಿ, ಒಟ್ಟು ಮೊತ್ತದ ಮಿತಿ ತೆಗೆದ ಪರಿಷ್ಕೃತ ರಾಜಿಗೆ ನ್ಯಾಯಾಧೀಶೆ ಅನಿತಾ ಬ್ರೋಡಿ 2015ರ ಏಪ್ರಿಲ್ 22ರಂದು ಒಪ್ಪಿಗೆ ಕೊಟ್ಟರು. ಆ ದಿನದೊಳಗೆ ಸತ್ತು, ಸಿಟಿಇ ಸಾಬೀತಾದವರ ಕುಟುಂಬಕ್ಕೆ 40 ಲಕ್ಷ ಡಾಲರ್‌ವರೆಗೆ ಪರಿಹಾರ. ಅದೇ ಒಪ್ಪಂದದ ಇನ್ನೊಂದು ಕಲಮು ಓದಿ: 2006ರ ಜನವರಿ 1ಕ್ಕಿಂತ ಮೊದಲು ಸತ್ತವರ ಕುಟುಂಬ, ದಾವೆಯ ಕಾಲಾವಧಿ ಮೀರಿಲ್ಲ ಎಂದು ಮೊದಲು ಸಾಬೀತುಪಡಿಸಬೇಕು. ವೆಬ್‌ಸ್ಟರ್ ಸತ್ತದ್ದು 2002ರಲ್ಲಿ.

ಸಿಟಿಇ ಖಚಿತವಾಗುವುದು ಸತ್ತ ಮೇಲೆ ಮೆದುಳು ಕೊಯ್ದು ನೋಡಿದಾಗ ಮಾತ್ರ. ಬೋಸ್ಟನ್ ವಿಶ್ವವಿದ್ಯಾಲಯದ ಆ್ಯನ್ ಮ್ಯಾಕೀ ತಂಡ 2017ರಲ್ಲಿ ವರದಿ ಮಾಡಿದಂತೆ, ಪರೀಕ್ಷಿಸಿದ 111 ಎನ್‌ಎಫ್‌ಎಲ್ ಆಟಗಾರರ ಪೈಕಿ 110 ಮಂದಿಯಲ್ಲಿ ಸಿಟಿಇ ಇತ್ತು. ಇದನ್ನು ಹಿಡಿದು 'ನೂರಕ್ಕೆ 99 ಆಟಗಾರರಿಗೆ ಈ ರೋಗ' ಎಂದು ಬರೆಯುವುದು ತಪ್ಪು. ಲಕ್ಷಣ ಕಂಡ ಕುಟುಂಬಗಳೇ ಹೆಚ್ಚಾಗಿ ಮೆದುಳು ದಾನ ಮಾಡಿರುತ್ತವೆ. ನನ್ನ ದೃಷ್ಟಿಯಲ್ಲಿ ಅದಕ್ಕಿಂತ ಮುಖ್ಯವಾದದ್ದು 2023ರ ಅಧ್ಯಯನ. 631 ಆಟಗಾರರ ಮೆದುಳಿನ ಜತೆ ಅವರ ಆಟದ ವರ್ಷ, ಜಾಗ, ಮಟ್ಟ ಎಲ್ಲ ಹೋಲಿಸಿದಾಗ, ಎಷ್ಟು ಸಲ ಕನ್ಕಷನ್, ಅಂದರೆ ತಲೆಸುತ್ತು, ಗೊಂದಲದಂಥ ಲಕ್ಷಣ ಕಾಣಿಸುವ ಮೆದುಳಿನ ಪೆಟ್ಟು, ಆಯಿತೆಂಬುದು ಸಿಟಿಇಯನ್ನು ಸೂಚಿಸಲಿಲ್ಲ. ಜೀವಮಾನದಲ್ಲಿ ತಲೆಗೆ ಬಿದ್ದ ಪೆಟ್ಟುಗಳ ಒಟ್ಟು ಬಲ ಸೂಚಿಸಿತು. ಅಂದರೆ ಲೈನ್‌ಮನ್‌ನ ದಿನನಿತ್ಯದ ಕೂಲಿಯೇ ಲೆಕ್ಕಕ್ಕೆ ಬಂತು.

ಆದರೆ ನಿಯಮಗಳ ಹೆಚ್ಚಿನ ಗಮನ ಕನ್ಕಷನ್ ಮೇಲೆ. ಈಗ ಮೈದಾನದಲ್ಲಿ ತಂಡಕ್ಕೆ ಸಂಬಂಧಪಡದ ನರತಜ್ಞರಿರುತ್ತಾರೆ, ಮೇಲಿನಿಂದ ದೃಶ್ಯ ನೋಡುವವರಿರುತ್ತಾರೆ. ಕನ್ಕಷನ್ ಆದವನು ಐದು ಹಂತ ದಾಟಬೇಕು: ವಿಶ್ರಾಂತಿ ಮತ್ತು ಹಗುರ ಚಟುವಟಿಕೆ, ಸೈಕಲ್ಲು ಅಥವಾ ಓಟದ ವ್ಯಾಯಾಮ, ಫುಟ್‌ಬಾಲ್ ವ್ಯಾಯಾಮ, ಡಿಕ್ಕಿಯಿಲ್ಲದ ಅಭ್ಯಾಸ, ಕೊನೆಗೆ ಪೂರ್ಣ ಅಭ್ಯಾಸಕ್ಕೆ ಒಪ್ಪಿಗೆ. ಒಳ್ಳೆಯ ವ್ಯವಸ್ಥೆಯೇ. ಆದರೆ ಯಾರಾದರೂ ಲಕ್ಷಣ ಗಮನಿಸಿದ ಮೇಲೆ ಅದು ಶುರುವಾಗುವುದು.

ಲೈನ್‌ಮನ್‌ಗೆ ನಿಜವಾಗಿ ನೆರವಾದವು ಸದ್ದಿಲ್ಲದ ಬದಲಾವಣೆಗಳು. 2011ರ ಒಪ್ಪಂದ ಋತುವಿನೊಳಗಿನ ಪೂರ್ಣ ಡಿಕ್ಕಿಯ ಅಭ್ಯಾಸವನ್ನು 14 ದಿನಕ್ಕೆ ಇಳಿಸಿತು. ಇಬ್ಬರನ್ನು ಇಕ್ಕಟ್ಟಿನಲ್ಲಿ ಎದುರುಬದುರು ನಿಲ್ಲಿಸಿ ಗುದ್ದಾಡಿಸುವ 'ಓಕ್ಲಹೋಮ ಡ್ರಿಲ್' ಅನ್ನು 2019ರಲ್ಲಿ ನಿಷೇಧಿಸಿದರು. 2022ರಿಂದ ಲೈನ್‌ಮನ್‌ಗಳು ಋತುಪೂರ್ವ ಅಭ್ಯಾಸದಲ್ಲಿ ಹೆಲ್ಮೆಟ್ಟಿನ ಮೇಲೆ ಮೆತ್ತನೆಯ 'ಗಾರ್ಡಿಯನ್ ಕ್ಯಾಪ್' ಹಾಕಬೇಕಾಯಿತು. ಅಮೆರಿಕದಲ್ಲಿರುವ ಕನ್ನಡದ ಮನೆಗಳಲ್ಲೂ ಮಕ್ಕಳು ಶಾಲಾ ತಂಡ ಸೇರುವುದಿದ್ದರೆ, ಹೆಲ್ಮೆಟ್ ಯಾವ ಕಂಪನಿಯದು ಎಂದು ಕೇಳುವ ಮೊದಲು, ವಾರಕ್ಕೆ ಎಷ್ಟು ದಿನ ಪೂರ್ಣ ಡಿಕ್ಕಿಯ ಅಭ್ಯಾಸ ಎಂದು ಕೋಚ್‌ನನ್ನು ಕೇಳಿ. ಕ್ಯಾಲಿಫೋರ್ನಿಯಾದಲ್ಲಿ 2015ರಿಂದ ಕಾನೂನೇ ಅದಕ್ಕೆ ಮಿತಿ ಹಾಕಿದೆ: ಆಟದ ಋತುವಿನಲ್ಲಿ ವಾರಕ್ಕೆ ಎರಡು ದಿನ, ದಿನಕ್ಕೆ 90 ನಿಮಿಷ.

ಪಂದ್ಯದ ದಿನದ ಡಿಕ್ಕಿ ಉಳಿದೇ ಇದೆ. ಲೈನ್‌ಮನ್‌ಗಳು ಕೈ ನೆಲಕ್ಕೂರಿ ಬಾಗುವುದನ್ನೇ ಬಿಡಿಸಿ, ನೆಟ್ಟಗೆ ನಿಂತು ಶುರು ಮಾಡಿಸಿದರೆ ತಲೆ ಮೊದಲು ತಾಗದು ಎಂಬ ಸಲಹೆ ಇದೆ. ಮುಂದೊಂದು ದಿನ ಅದು ಆಗಬಹುದೆಂದು ಲೀಗ್ ಕಮಿಷನರ್ ರೋಜರ್ ಗುಡೆಲ್ 2010ರಲ್ಲೇ ಹೇಳಿದ್ದರು. ಇನ್ನೂ ನಿಯಮವಾಗಿಲ್ಲ. ಆದರೂ ಗಾರ್ಡ್, ಟ್ಯಾಕಲ್‌ಗಳು ನೆಟ್ಟಗೆ ನಿಲ್ಲಬಲ್ಲರು, ಪಾಸ್ ಎಸೆಯುವ ಆಟಗಳಲ್ಲಿ ಈಗಾಗಲೇ ಎಷ್ಟೋ ಸಲ ನಿಲ್ಲುತ್ತಾರೆ. ಸೆಂಟರ್‌ಗೆ ಆ ದಾರಿಯೂ ಇಲ್ಲ. ಚೆಂಡು ನೆಲದ ಮೇಲಿರುವವರೆಗೆ ಅವನು ಬಾಗಲೇಬೇಕು.